ಕ್ರ್ಯಾನ್‌ಫೀಲ್ಡಿನ ಜೀವನಾಂಶ ಪತ್ರ

ನಾನು ಬಿ.ಕಾಂ. ಓದಿ ಸಿ.ಎ. ಮಾಡಿಕೊಂಡವನು. ಇತಿಹಾಸಕ್ಕೂ ನನಗೂ ಇದ್ದ ನಂಟು ಎಸ್ಸೆಸ್ಸೆಲ್ಸಿಗೇ ಮುಗಿದಿತ್ತು. ಯುರೋಪಿನ ಮಧ್ಯಯುಗ ಎಂದರೆ ಊಳಿಗಮಾನ್ಯ ಪದ್ಧತಿ, ಧರ್ಮಯುದ್ಧಗಳು, ಪ್ಲೇಗು. ನಾಲ್ಕು ಅಂಕದ ಪ್ರಶ್ನೆಗೆ ಅಷ್ಟು ಸಾಕಾಗುತ್ತಿತ್ತು. ಆದರೆ ಇಂಗ್ಲೆಂಡಿಗೆ ಬಂದು ಲೆಕ್ಕಪತ್ರದ ಕೆಲಸಕ್ಕೆ ಕುಳಿತವನನ್ನು ಮಧ್ಯಯುಗ ಸುಲಭವಾಗಿ ಬಿಡುವುದಿಲ್ಲ. ಇಲ್ಲಿನ ತೆರಿಗೆ ವರ್ಷ ಏಪ್ರಿಲ್ 5ಕ್ಕೆ ಮುಗಿಯುತ್ತದೆ. ಮಾರ್ಚ್ 31ಕ್ಕೆ ಪುಸ್ತಕ ಮುಚ್ಚಿ ಅಭ್ಯಾಸವಾಗಿದ್ದ ನನಗೆ ಈ ಹೆಚ್ಚಿನ ಐದು ದಿನ ಯಾಕೆ ಎಂದು ಮೊದಲ ವರ್ಷವೇ ಕುತೂಹಲವಾಗಿತ್ತು. ವಿಚಾರಿಸಿದರೆ ಅದು ಹಳೆಯ ಕಾಲದ ಬಾಲ. ಮಾರ್ಚ್ 25, ಅಂದರೆ ಮೇರಿಮಾತೆಯ ಹಬ್ಬ, ಇಲ್ಲಿ ಬಾಡಿಗೆ, ಗುತ್ತಿಗೆ, ಸಾಲಗಳ ಲೆಕ್ಕ ಚುಕ್ತಾ ಮಾಡುವ ದಿನವಾಗಿತ್ತು. 1752ರಲ್ಲಿ ಕ್ಯಾಲೆಂಡರ್ ಸರಿಪಡಿಸಲು ಹನ್ನೊಂದು ದಿನಗಳನ್ನು ಕೈಬಿಟ್ಟಾಗ, ಹಳೆಯ ಮಾರ್ಚ್ 25 ಹೊಸ ಏಪ್ರಿಲ್ 5 ಆಯಿತು.

ಹೀಗೆ ಒಂದು ಎಳೆ ಹಿಡಿದು ಎಳೆದರೆ ಇನ್ನೊಂದು ಬರುತ್ತದೆ. ‘ಆಡಿಟ್’ ಎಂಬ ಶಬ್ದಕ್ಕೆ ಲ್ಯಾಟಿನ್ನಿನಲ್ಲಿ ಕೇಳುವುದು ಎಂದರ್ಥ. ಹದಿಮೂರನೆಯ ಶತಮಾನದ ಇಂಗ್ಲೆಂಡಿನ ಹಳ್ಳಿಯಲ್ಲಿ ಒಡೆಯನ ಜಮೀನಿನ ಮೇಲ್ವಿಚಾರಣೆಗೆ ರೀವ್ ಎಂಬವನಿರುತ್ತಿದ್ದ. ಅವನೂ ಅದೇ ಊರಿನ ಒಕ್ಕಲಿನವನು, ಹೆಚ್ಚಿನ ಪಾಲು ಓದು ಬರಹ ಬಾರದವನು. ಎಷ್ಟು ಮೂಟೆ ಬಿತ್ತಿದೆ, ಎಷ್ಟು ಕುರಿ ಸತ್ತವು, ಎಷ್ಟು ಮೊಟ್ಟೆ ಬಂದವು ಎಂಬುದನ್ನೆಲ್ಲ ಕೋಲಿನ ಮೇಲೆ ಕಚ್ಚು ಹಾಕಿ ನೆನಪಿಡುತ್ತಿದ್ದ. ಸೆಪ್ಟೆಂಬರ್ 29ರ ಮೈಕಲ್‌ಮಸ್ ಹಬ್ಬಕ್ಕೆ ಸುಗ್ಗಿಯ ವರ್ಷ ಮುಗಿಯಿತೆಂದರೆ ಗುಮಾಸ್ತ ಅದನ್ನೆಲ್ಲ ಚರ್ಮದ ಹಾಳೆಯ ಮೇಲೆ ಲ್ಯಾಟಿನ್ನಿನಲ್ಲಿ ಬರೆಯುತ್ತಿದ್ದ; ಒಡೆಯನ ಕಡೆಯವರು ಕುಳಿತು ಕೇಳುತ್ತಿದ್ದರು. ಪಟೇಲ, ಶಾನುಭೋಗ, ಅಮಲ್ದಾರ ಮೂವರೂ ಒಂದೇ ಚಾವಡಿಯಲ್ಲಿ ಕೂತಂತೆ. ನನ್ನ ವೃತ್ತಿಯ ಅಜ್ಜಂದಿರು ಇವರೇ ಎಂದು ಗೊತ್ತಾದ ಮೇಲೆ ಬಿಡುವಿದ್ದಾಗ ಅವರ ಲೆಕ್ಕಗಳ ಅನುವಾದಗಳನ್ನು ಓದುವ ಚಟ ಅಂಟಿತು. ಆ ಲೆಕ್ಕಗಳ ಜೊತೆಗೇ ಊರ ನ್ಯಾಯಸಭೆಯ ಸುರುಳಿಗಳೂ ಸಿಗುತ್ತವೆ. ನಾನು ಹೇಳಹೊರಟಿರುವುದು ಆ ಸುರುಳಿಗಳ ಒಂದು ಬಗೆಯ ದಾಖಲೆಯ ವಿಷಯ.

ಅದಕ್ಕೆ ಮೊದಲು ನಮ್ಮ ಮಾತು. ಇಲ್ಲಿ ಯುಗಾದಿಗೋ ದೀಪಾವಳಿಗೋ ನಾಲ್ಕು ಕನ್ನಡ ಸಂಸಾರಗಳು ಸೇರಿದರೆ ಬಿಸಿಬೇಳೆ ಭಾತ್ ಮುಗಿಯುವುದರೊಳಗೆ ಒಂದು ಮಾತು ಬಂದೇ ಬರುತ್ತದೆ. ಪಕ್ಕದ ಮನೆಯ ಮುದುಕಿಯನ್ನು ಮಕ್ಕಳು ವೃದ್ಧಾಶ್ರಮಕ್ಕೆ ಸೇರಿಸಿದರಂತೆ, ಕ್ರಿಸ್‌ಮಸ್ಸಿಗೊಮ್ಮೆ ಬಂದು ನೋಡುತ್ತಾರಂತೆ, ಈ ಜನಕ್ಕೆ ಕರುಳೇ ಇಲ್ಲ, ಮೊದಲಿಂದಲೂ ಹೀಗೇ ಎಂದು. ಹಾಗೆ ಹೇಳುವ ನಮ್ಮೆಲ್ಲರ ಅಪ್ಪ ಅಮ್ಮಂದಿರು ತಿಪಟೂರಿನಲ್ಲೋ ಶಿರಸಿಯಲ್ಲೋ ಧಾರವಾಡದಲ್ಲೋ ಒಬ್ಬೊಬ್ಬರೇ ಇರುತ್ತಾರೆ. ಅದು ಎಲ್ಲರಿಗೂ ಗೊತ್ತು. ಯಾರೂ ಆಡುವುದಿಲ್ಲ, ಅಷ್ಟೆ. ‘ಮೊದಲಿಂದಲೂ ಹೀಗೇ’ ಎಂಬ ಮಾತು ಮಾತ್ರ ನನ್ನ ತಲೆಯಲ್ಲಿ ಕೂತಿತ್ತು. ಮೊದಲು ಹೇಗಿತ್ತು?

ನಾನಿರುವುದು ಮಿಲ್ಟನ್ ಕೀನ್ಸ್‌ನಲ್ಲಿ. ಇಲ್ಲಿಂದ ಕಾರಿನಲ್ಲಿ ಸ್ವಲ್ಪ ದೂರದಲ್ಲಿ ಬೆಡ್‌ಫರ್ಡ್‌ಶೈರಿನ ಕ್ರ್ಯಾನ್‌ಫೀಲ್ಡ್ ಎಂಬ ಊರಿದೆ. ಈಗ ಅಲ್ಲಿನ ವಿಶ್ವವಿದ್ಯಾಲಯಕ್ಕೆ ನಮ್ಮ ಹುಡುಗರೂ ಓದಲು ಬರುತ್ತಾರೆ. ಏಳುನೂರು ವರ್ಷಗಳ ಹಿಂದೆ ಅದು ರ‍್ಯಾಮ್ಸೆ ಮಠಕ್ಕೆ ಸೇರಿದ ಹಳ್ಳಿ. 1294ರಲ್ಲಿ ಆ ಊರಿನ ಇಲಾಯಸ್ ಡಿ ಬ್ರೆಟೆಂಡನ್ ಎಂಬ ರೈತ ತನ್ನ ಮನೆ, ಜಮೀನನ್ನು ಮಗ ಜಾನ್‌ಗೆ ಬಿಟ್ಟುಕೊಟ್ಟ. ಆ ಕಾಲದ ಪದ್ಧತಿಯಲ್ಲಿ ಇಂಥ ಒಕ್ಕಲು ಜಮೀನು ಕಾನೂನಿನ ಪ್ರಕಾರ ಒಡೆಯನದು. ಆದ್ದರಿಂದ ಅಪ್ಪ ಸಭೆಯಲ್ಲಿ ಎಲ್ಲರೆದುರು ಜಮೀನನ್ನು ಒಡೆಯನಿಗೆ ಒಪ್ಪಿಸಬೇಕು, ಒಡೆಯನ ಪರವಾಗಿ ಕುಳಿತವನು ಅದನ್ನು ಮಗನಿಗೆ ಕೊಡಬೇಕು, ಮಗ ಅದಕ್ಕೊಂದು ಕಾಣಿಕೆ ಕಟ್ಟಬೇಕು. ಇಷ್ಟು ನಮ್ಮ ಖಾತೆ ಬದಲಾವಣೆಯ ಹಾಗೆಯೇ. ವಿಶೇಷವಿರುವುದು ಅದರ ಕೆಳಗೆ ಬರೆಸಿದ ಷರತ್ತುಗಳಲ್ಲಿ.

ಇಲಾಯಸ್ ಮತ್ತು ಅವನ ಹೆಂಡತಿ ಕ್ರಿಸ್ಟೀನ್ ಬದುಕಿರುವವರೆಗೆ ಜಾನ್ ಅವರಿಗೆ ತಕ್ಕಮಟ್ಟಿನ ಅನ್ನಪಾನ ಕೊಡಬೇಕು; ಅವರು ಅವನ ಮನೆಯಲ್ಲೇ ಇರುತ್ತಾರೆ. ಒಂದು ವೇಳೆ ಇವರ ನಡುವೆ ಜಗಳ ಹುಟ್ಟಿ ಒಟ್ಟಿಗೆ ಇರಲಾಗದಿದ್ದರೆ, ಅಂಥದ್ದು ಆಗದಿರಲಿ ಎಂಬ ಅರ್ಥದ ಮಾತನ್ನೂ ಗುಮಾಸ್ತ ಅಲ್ಲಿ ಸೇರಿಸಿದ್ದಾನೆ, ಜಾನ್ ಅವರಿಗೆ ಮರ್ಯಾದೆಯಿಂದ ಬದುಕಲು ಬೇರೊಂದು ಮನೆ, ಹಿತ್ತಲು ಕೊಡಬೇಕು. ಇಬ್ಬರಲ್ಲಿ ಯಾರೇ ಉಳಿದರೂ ಅವರಿಗೆ ಇದು ಸಲ್ಲಬೇಕು. ಅದರ ಮೇಲೆ ಪ್ರತಿ ಮೈಕಲ್‌ಮಸ್ಸಿಗೆ ಆರು ಕ್ವಾರ್ಟರ್ ಗಟ್ಟಿ ಧಾನ್ಯ ಅಳೆದು ಕೊಡಬೇಕು: ಗೋಧಿ ಮೂರು, ಬಾರ್ಲಿ ಒಂದೂವರೆ, ಬಟಾಣಿ ಮತ್ತು ಅವರೆ ಜಾತಿಯ ಕಾಳು ಒಂದೂವರೆ, ಓಟ್ಸ್ ಒಂದು.

ಓದಿದ ತಕ್ಷಣ ನನ್ನ ಬೆರಳು ಕೂಡಿಸತೊಡಗಿತು. ಮೂರು, ಒಂದೂವರೆ, ಒಂದೂವರೆ, ಒಂದು. ಒಟ್ಟು ಏಳು ಬರುತ್ತದೆ, ಆರಲ್ಲ! ಆಡಿಟ್ ಮಾಡಿ ಬೆಳೆದವನಿಗೆ ಇಂಥದ್ದು ಸಿಕ್ಕರೆ ಪಾಯಸದಲ್ಲಿ ಗೋಡಂಬಿ ಸಿಕ್ಕ ಹಾಗೆ. ಗುಮಾಸ್ತನಿಗೆ ಕೂಡಲು ಬರುತ್ತಿರಲಿಲ್ಲ ಎಂದು ನಗುವುದು ಸುಲಭ. ನನಗೇನೋ ಅವನ ಪರ ವಾದಿಸಬೇಕೆನಿಸುತ್ತದೆ. ಓಟ್ಸನ್ನು ಬಿಟ್ಟು ಉಳಿದದ್ದನ್ನು ಕೂಡಿದರೆ ಸರಿಯಾಗಿ ಆರು. ಗಟ್ಟಿ ಧಾನ್ಯದ ಸಾಲಿಗೆ ಓಟ್ಸ್ ಸೇರಿರಲಾರದು, ಅದು ಮೇಲಿನ ಕೊಸರು ಇದ್ದೀತು. ನಮ್ಮಲ್ಲಿ ಭತ್ತ, ರಾಗಿ ಅಳೆದ ಮೇಲೆ ಒಂದು ಬೊಗಸೆ ಹುರುಳಿ ಹಾಕುವಂತೆ.

ನಮ್ಮ ಸೇರು, ಕೊಳಗ, ಖಂಡುಗದ ಹಾಗೆ ಅವರಿಗೆ ಬುಷೆಲ್, ಕ್ವಾರ್ಟರ್. ಎಂಟು ಬುಷೆಲ್ಲಿಗೆ ಒಂದು ಕ್ವಾರ್ಟರ್. ಇಂದಿನ ತೂಕಕ್ಕೆ ತಂದರೆ ಒಂದು ಕ್ವಾರ್ಟರ್ ಗೋಧಿ ಸುಮಾರು ಇನ್ನೂರು ಕಿಲೋಗೂ ಸ್ವಲ್ಪ ಹೆಚ್ಚು. ಮೂರು ಕ್ವಾರ್ಟರ್ ಎಂದರೆ ಇಬ್ಬರಿಗೆ ದಿನಕ್ಕೆ ಒಂದೂಮುಕ್ಕಾಲು ಕಿಲೋ. ಬಾರ್ಲಿ ಬಹುಪಾಲು ಏಲ್ ಎಂಬ ಬಿಯರಿಗೆ. ಅದು ಆಗ ಅವರ ದಿನನಿತ್ಯದ ಪಾನೀಯ, ಬಹಳ ಕಡೆ ಹೆಂಗಸರು ಮನೆಯಲ್ಲೇ ಕಾಯಿಸಿ ಮಾರುತ್ತಿದ್ದುದು. ಕಾಳು ಮತ್ತು ಓಟ್ಸ್ ಪಾಟೇಜ್ ಎಂಬ ಗಂಜಿಗೆ. ಒಲೆಯ ಮೇಲೆ ಮಡಕೆ ಇಟ್ಟು ಕಾಳು, ಈರುಳ್ಳಿ, ಸೊಪ್ಪು ಹಾಕಿ ಬೇಯಿಸುತ್ತಿದ್ದರು. ಇದ್ದ ದಿನ ಒಂದು ತುಂಡು ಹಂದಿಮಾಂಸ. ಮನೆ ಎಂದರೆ ಮರದ ತೊಲೆಗಳ ಚೌಕಟ್ಟು, ಹೆಣೆದ ಕಡ್ಡಿಯ ಮೇಲೆ ಮಣ್ಣು ಮೆತ್ತಿದ ಗೋಡೆ, ಹುಲ್ಲಿನ ಮಾಡು. ನಡುವೆ ನೆಲದ ಮೇಲೇ ಒಲೆ. ಚಿಮಣಿ ಇರಲಿಲ್ಲ, ಹೊಗೆ ಹುಲ್ಲಿನ ಸಂದಿಯಿಂದ ದಾರಿ ಹುಡುಕಿಕೊಂಡು ಹೋಗಬೇಕು. ನನ್ನ ಅಜ್ಜಿಯ ಅಡಿಗೆಮನೆ ಕಂಡವರಿಗೆ ಇದನ್ನು ಹೆಚ್ಚು ವಿವರಿಸಬೇಕಾಗಿಲ್ಲ. ಆ ಮನೆಯಲ್ಲಿ ಬೆಚ್ಚಗಿನ ಜಾಗ ಒಂದೇ, ಒಲೆಯ ಪಕ್ಕ. ಯಾರು ಅಲ್ಲಿ ಕೂರಬೇಕು ಎನ್ನುವುದು ಇಂಗ್ಲೆಂಡಿನ ಜನವರಿಯಲ್ಲಿ ಸಣ್ಣ ವಿಷಯವಲ್ಲ. ಗಂಡ ಸತ್ತ ಹೆಂಗಸಿಗೆ ಅವನ ಜಮೀನಿನಲ್ಲಿ ಬದುಕಿರುವವರೆಗೆ ಒಂದು ಪಾಲು ಅನುಭವಿಸುವ ಹಕ್ಕು ಬಹಳ ಊರುಗಳಲ್ಲಿತ್ತು. ಅದಕ್ಕೆ ಅವರು ಕೊಟ್ಟಿದ್ದ ಹೆಸರೂ ‘ಫ್ರೀ ಬೆಂಚ್’ ಎಂದು.

ಇಂಥ ಪತ್ರಗಳು ಅಪ್ಪ ಮಕ್ಕಳ ನಡುವೆ ಮಾತ್ರ ಆಗುತ್ತಿರಲಿಲ್ಲ. ಮಕ್ಕಳಿಲ್ಲದವರು, ಮಕ್ಕಳು ಊರು ಬಿಟ್ಟವರು ಹೊರಗಿನವರ ಜೊತೆಗೂ ಮಾಡಿಕೊಳ್ಳುತ್ತಿದ್ದರು. ಲಂಡನ್ನಿನ ಉತ್ತರಕ್ಕಿರುವ ಬಾರ್ನೆಟ್ಟಿನಲ್ಲಿ 1347ರಲ್ಲಿ ಒಬ್ಬ ರೈತ ತನ್ನ ಮನೆ, ಹೊಲವನ್ನು ಇನ್ನೊಬ್ಬನಿಗೆ ಬಿಟ್ಟುಕೊಟ್ಟ. ಪ್ರತಿಯಾಗಿ ವರ್ಷಕ್ಕೆ ಅವನಿಗೆ ಸಿಗಬೇಕಾದದ್ದು: ಮೂರು ಶಿಲಿಂಗ್ ನಾಲ್ಕು ಪೆನ್ಸ್ ಬೆಲೆಯ, ತಲೆ ಮುಚ್ಚುವ ಕುಲಾವಿ ಇರುವ ಹೊಸ ಉಡುಪು, ಎರಡು ಜೊತೆ ನಾರುಬಟ್ಟೆಯ ಹಾಸು, ಮೂರು ಜೊತೆ ಹೊಸ ಜೋಡು, ಹನ್ನೆರಡು ಪೆನ್ಸಿನ ಒಂದು ಜೊತೆ ಕಾಲುಚೀಲ, ಮತ್ತು ಯೋಗ್ಯವಾದ ಊಟ, ಪಾನೀಯ. ಮರುವರ್ಷ ದೇಶಕ್ಕೆ ಪ್ಲೇಗು ಬಂತು. ಅವರಿಬ್ಬರಲ್ಲಿ ಯಾರು ಉಳಿದರೋ. ಆದರೆ ಮೂರು ಜೊತೆ ಜೋಡಿನ ಲೆಕ್ಕ ಉಳಿದಿದೆ. ಕೈಯಲ್ಲಿ ಹಣವಿದ್ದವರು ಮಠಕ್ಕೆ ಇಡಿಗಂಟು ಕಟ್ಟಿ, ಬದುಕಿರುವವರೆಗೆ ದಿನಕ್ಕಿಷ್ಟು ರೊಟ್ಟಿ, ಇಷ್ಟು ಏಲ್, ಮಲಗಲು ಜಾಗ ಎಂದು ಗೊತ್ತುಮಾಡಿಕೊಳ್ಳುತ್ತಿದ್ದರು. ಅದನ್ನು ಕಾರೊಡಿ ಎನ್ನುತ್ತಿದ್ದರು. ನಾವು ಈಗ ಆನ್ಯುಯಿಟಿ ಎನ್ನುವುದೂ ಅದನ್ನೇ. ಮುಂಗಡ ಹಣದ ಆಸೆಗೆ ಇಂಥವನ್ನು ಮಿತಿಮೀರಿ ಮಾರಿ, ಮುದುಕರು ಬೇಗ ಸಾಯದೆ ಸಾಲದಲ್ಲಿ ಸಿಕ್ಕಿಕೊಂಡ ಮಠಗಳೂ ಇದ್ದವು.

ಬರೆದದ್ದನ್ನು ಮಗ ನಡೆಸದಿದ್ದರೆ? ಕೇಂಬ್ರಿಡ್ಜ್‌ಶೈರಿನ ವಾರ್‌ಬಾಯ್ಸ್ ಎಂಬ ಹಳ್ಳಿಯೂ ರ‍್ಯಾಮ್ಸೆ ಮಠದ್ದೇ. 1334ರಲ್ಲಿ ಅಲ್ಲಿನ ಸ್ಟೀಫನ್ ಸ್ಮಿತ್ ಎಂಬವನು ಒಪ್ಪಿದಂತೆ ತಾಯಿಯನ್ನು ನೋಡಿಕೊಳ್ಳುತ್ತಿಲ್ಲ ಎಂದು ಸಭೆಯ ಮುಂದೆ ಬಂತು. ಆರು ಪೆನ್ಸ್ ದಂಡ ಬಿತ್ತು, ಕೂಲಿಯವನಿಗೆ ಕೆಲವು ದಿನಗಳ ದುಡಿಮೆ. ಅಷ್ಟಕ್ಕೇ ನಿಲ್ಲಲಿಲ್ಲ. ಜಮೀನು ತಾಯಿಗೆ ವಾಪಸು ಹೋಗಬೇಕು, ಬದುಕಿರುವವರೆಗೆ ಅವಳೇ ಅನುಭವಿಸಬೇಕು, ಅವಳು ಇರುವಷ್ಟು ಕಾಲ ಸ್ಟೀಫನ್‌ಗೆ ಅದರಲ್ಲಿ ಏನೂ ಸಿಗಕೂಡದು ಎಂದು ತೀರ್ಪಾಯಿತು. ತೀರ್ಪು ಕೊಟ್ಟವರು ಮೇಲಿನಿಂದ ಬಂದ ದೊಡ್ಡವರಲ್ಲ. ಪಂಚರಾಗಿ ಕುಳಿತ ಅದೇ ಊರಿನ ರೈತರು, ಸ್ಟೀಫನ್‌ನ ನೆರೆಹೊರೆಯವರು. ಆ ಮುದುಕಿ ಉಪವಾಸವಿದ್ದಳೋ ಇಲ್ಲವೋ ಎಂದು ಅವರಿಗೆ ಯಾರೂ ಸಾಕ್ಷಿ ಹೇಳಬೇಕಾಗಿರಲಿಲ್ಲ.

ಹಾಗೆಂದು ಆ ಕಾಲವನ್ನು ಹೊಗಳಿ ಅಟ್ಟಕ್ಕೇರಿಸುವುದು ನನ್ನ ಉದ್ದೇಶವಲ್ಲ. ಒಡೆಯನಿಗೆ ಇದರಲ್ಲಿ ಮುದುಕರ ಮೇಲಿನ ಕರುಣೆಗಿಂತ ಹೊಲ ಬೀಳು ಬೀಳಬಾರದು, ಬಿಟ್ಟಿ ದುಡಿಮೆ ನಿಲ್ಲಬಾರದು ಎಂಬ ಲೆಕ್ಕಾಚಾರವಿತ್ತು. ಯಜಮಾನ ಸತ್ತರೆ ಮನೆಯ ಅತ್ಯುತ್ತಮ ದನವನ್ನು ಹೊಡೆದುಕೊಂಡು ಹೋಗುತ್ತಿದ್ದವನೂ ಅದೇ ಒಡೆಯನೇ. ಪತ್ರ ಬರೆಸಲು ಕೈಯಲ್ಲಿ ಜಮೀನಿರಬೇಕು. ಅದಿಲ್ಲದ ಮುದುಕರು ಕೊಯ್ದ ಹೊಲದಲ್ಲಿ ತೆನೆ ಹೆಕ್ಕುತ್ತಿದ್ದರು, ಬೇಡುತ್ತಿದ್ದರು. 1315ರಿಂದ 1317ರವರೆಗೆ ಮಳೆ ನಿಲ್ಲದೆ ಬೆಳೆ ಕೊಳೆತ ಮಹಾಕ್ಷಾಮದಲ್ಲಿ ಯಾವ ಪತ್ರ ಯಾರ ಹೊಟ್ಟೆ ತುಂಬಿಸಿತು ಎಂದು ಕೇಳಿದರೆ ಉತ್ತರ ಸುಖದ್ದಲ್ಲ.

ಆದರೂ ನನ್ನನ್ನು ಹಿಡಿದು ನಿಲ್ಲಿಸಿದ್ದು ಒಂದು ಅಂಶ. ಅವರಿಗೂ ಹೆತ್ತವರ ಋಣ ಗೊತ್ತಿತ್ತು. 1303ರಲ್ಲಿ ರಾಬರ್ಟ್ ಮ್ಯಾನಿಂಗ್ ಎಂಬ ಸನ್ಯಾಸಿ ಬರೆಯಲು ಆರಂಭಿಸಿದ ‘ಹ್ಯಾಂಡ್ಲಿಂಗ್ ಸಿನ್’ ಎಂಬ ನೀತಿಗ್ರಂಥದಲ್ಲಿ ಒಂದು ಕಥೆಯಿದೆ. ಎಲ್ಲವನ್ನೂ ಮಗನಿಗೆ ಕೊಟ್ಟ ಮುದುಕ ಚಳಿಯಲ್ಲಿ ನಡುಗುತ್ತಾನೆ. ಮಗ ತನ್ನ ಹುಡುಗನನ್ನು ಕರೆದು, ಅಜ್ಜನಿಗೊಂದು ಗೋಣಿ ಹೊದಿಸು ಎನ್ನುತ್ತಾನೆ. ಹುಡುಗ ಗೋಣಿಯನ್ನು ಎರಡಾಗಿ ಹರಿದು ಅರ್ಧ ಮಾತ್ರ ಹೊದಿಸುತ್ತಾನೆ. ಉಳಿದರ್ಧ ಅಪ್ಪನಿಗೆ ವಯಸ್ಸಾದಾಗ ಬೇಕಾಗುತ್ತದಂತೆ. ಓದುತ್ತಿದ್ದ ಹಾಗೆ ನನಗೆ ನಮ್ಮ ಅಜ್ಜಿ ಹೇಳುತ್ತಿದ್ದ ತೆಂಗಿನ ಚಿಪ್ಪಿನ ಕಥೆ ನೆನಪಾಯಿತು. ಅಜ್ಜನಿಗೆ ಗಂಜಿ ಕೊಡುತ್ತಿದ್ದ ಚಿಪ್ಪನ್ನು ಅಜ್ಜ ಸತ್ತ ಮೇಲೆ ಮೊಮ್ಮಗ ತೊಳೆದು ಎತ್ತಿಡುತ್ತಾನಲ್ಲ, ಅದೇ. ಕಥೆ ಎರಡೂ ಕಡೆ ಒಂದೇ. ಅವರು ಕಥೆಯನ್ನೂ ಹೇಳಿದರು, ಕಥೆಯನ್ನು ಮಾತ್ರ ನಂಬಿ ಕೂರದೆ ಗೋಧಿ ಎಷ್ಟು ಎಂದು ಬರೆದೂ ಇಟ್ಟರು.

ನಮ್ಮಲ್ಲಿ ಬರೆಯಬೇಕು ಎನ್ನುವುದೇ ಅಪಶಕುನ. ಅಪ್ಪ ತೀರಿಕೊಂಡ ಮರುವರ್ಷ ನಾನು ಊರಿಗೆ ಹೋಗಿದ್ದಾಗ ಅಣ್ಣನೂ ನಾನೂ ಪಾಲುಪಟ್ಟಿ ಮಾಡಿಕೊಳ್ಳಲು ಕೂತೆವು. ತಿಪಟೂರಿನ ಹತ್ತಿರ ಸ್ವಲ್ಪ ತೆಂಗಿನ ತೋಟ, ರಾಗಿ ಬೆಳೆಯುವ ಹೊಲ, ಒಂದು ಹಂಚಿನ ಮನೆ. ತೋಟ ಮಾಡುತ್ತಿರುವವನು ಅಣ್ಣ. ನನ್ನ ಪಾಲನ್ನೂ ಅವನಿಗೇ ಬಿಡುವುದೆಂದು ನಾನು ಮೊದಲೇ ಹೇಳಿದ್ದೆ. ಅಮ್ಮನೂ ತನ್ನ ಪಾಲನ್ನು ಅವನ ಹೆಸರಿಗೆ ಬರೆಯಲು ಒಪ್ಪಿದ್ದಳು. ಹಾಗಾದರೆ ಅಮ್ಮನ ಜೀವನಾಂಶವನ್ನೂ ಪತ್ರದಲ್ಲಿ ಸೇರಿಸೋಣ ಎಂದೆ. ಪಡಸಾಲೆ ಒಮ್ಮೆಲೇ ಮೌನವಾಯಿತು. ಸೋದರಮಾವ ಬಾಯಲ್ಲಿದ್ದ ಎಲೆಅಡಿಕೆ ಉಗಿದು ಬಂದು, “ಹೆತ್ತೋಳಿಗೆ ಅನ್ನ ಹಾಕೋದನ್ನೂ ಸ್ಟಾಂಪ್ ಪೇಪರ‍್ನಲ್ಲಿ ಬರೆಸ್ತೀರೇನ್ರೋ? ಆ ದೇಶಕ್ಕೆ ಹೋಗಿ ಇದನ್ನೇ ಏನಪ್ಪಾ ಕಲಿತದ್ದು?” ಎಂದರು. ಅತ್ತಿಗೆಯ ಮುಖ ಕೆಂಪಾಯಿತು. ತನ್ನ ಮೇಲೆ ನಂಬಿಕೆಯಿಲ್ಲ ಎಂದು ಅವರಿಗನ್ನಿಸಿದ್ದರೆ ಅದು ಸಹಜವೇ. ಅಮ್ಮನ ಮಾತ್ರೆ, ಸ್ನಾನ, ರಾತ್ರಿ ಎದ್ದು ಕೂರುವುದು ಎಲ್ಲ ನೋಡುತ್ತಿದ್ದವರು ಅವರೇ, ನಾನಲ್ಲ.

ನಾನು ಕಾನೂನು ಹೇಳಿದೆ. 2007ರಲ್ಲಿ ನಮ್ಮ ದೇಶದಲ್ಲೂ ತಂದೆ ತಾಯಿಯರ, ಹಿರಿಯ ನಾಗರಿಕರ ಪೋಷಣೆಗೆ ಕಾಯ್ದೆ ಬಂದಿದೆ. ಅದರ 23ನೆಯ ಸೆಕ್ಷನ್ ಪ್ರಕಾರ ನೋಡಿಕೊಳ್ಳಬೇಕೆಂಬ ಷರತ್ತಿನ ಮೇಲೆ ಆಸ್ತಿ ಪಡೆದವರು ನೋಡಿಕೊಳ್ಳದಿದ್ದರೆ ಆ ವರ್ಗಾವಣೆಯನ್ನೇ ರದ್ದು ಮಾಡಬಹುದು. ವಾರ್‌ಬಾಯ್ಸ್‌ನ ಪಂಚರು 1334ರಲ್ಲಿ ಮಾಡಿದ್ದೂ ಅದನ್ನೇ. ಷರತ್ತು ಪತ್ರದಲ್ಲೇ ಇರಬೇಕೇ ಎಂಬ ತಕರಾರು ಸುಪ್ರೀಂ ಕೋರ್ಟಿನವರೆಗೂ ಹೋಗಿದೆ. ಇದೆಲ್ಲ ಯಾರಿಗೂ ರುಚಿಸಲಿಲ್ಲ. ಆಮೇಲೆ ಕ್ರ್ಯಾನ್‌ಫೀಲ್ಡಿನ ಮುದುಕನ ಕಥೆ ಹೇಳಿದೆ. ಗೋಧಿ ಮೂರು, ಬಾರ್ಲಿ ಒಂದೂವರೆ ಎಂದು ಶುರುಮಾಡಿದಾಗ ಅಣ್ಣನೂ ಕೂಡತೊಡಗಿದ. ಏಳು ಬರುತ್ತಲ್ಲೋ ಎಂದ. ಎಲ್ಲರೂ ನಕ್ಕರು. ಜಗಳವಾದರೆ ಬೇರೆ ಮನೆ ಎಂಬ ಷರತ್ತು ಹೇಳಿದಾಗ ಮಾತ್ರ ಅಮ್ಮ ಕಂಬಕ್ಕೆ ಒರಗಿದ್ದವಳು ನೆಟ್ಟಗೆ ಕೂತಳು.

“ನನ್ನ ಕೇಳಿದ್ರೆ ಹೇಳ್ತೀನಪ್ಪ,” ಎಂದಳು. “ಹಿತ್ತಲ ಕಡೆ ಕೋಣೆ ನನಗಿರಲಿ, ಬೀಗದ ಕೈ ಸಮೇತ. ವರ್ಷಕ್ಕೆ ಎರಡು ಮೂಟೆ ರಾಗಿ, ತಿಂಗಳಿಗೆ ನಲವತ್ತು ಕಾಯಿ. ನಾನು ತಿನ್ನೋಕಲ್ಲ. ನನ್ನ ತಂಗಿ ಬಂದಾಗ, ಹೂವಿನೋಳು ಬಂದಾಗ ಕೊಡೋಕೆ ನನ್ನ ಕೈಲಿ ಏನಾದ್ರೂ ಇರಬೇಕಲ್ಲ. ಯಾರನ್ನೂ ಕೇಳದೆ.” ಮತ್ತೆ ಅತ್ತಿಗೆಯ ಕಡೆ ತಿರುಗಿ, “ನೀನು ಹಾಕಲ್ಲ ಅಂತಲ್ಲ ಕಣೇ. ನೀನು ಹಾಕಿದ್ದನ್ನ ಉಂಡು, ನಂದನ್ನ ನಾನು ಕೊಡಬೇಕು,” ಎಂದಳು.

ಯಾರನ್ನೂ ಕೇಳದೆ ಎಂಬ ಆ ಎರಡು ಶಬ್ದ ಕೇಳಿದ ಮೇಲೆ ನನಗೆ ಇಲಾಯಸ್‌ನ ಪತ್ರ ಅರ್ಥವಾಯಿತು ಎನ್ನಬೇಕು. ಮಗ ಕೆಟ್ಟವನು ಎಂದು ಅವನು ಬರೆಸಿದ್ದಲ್ಲ. ದಿನಾ ಕೈಯೊಡ್ಡಬಾರದು ಎಂದು ಬರೆಸಿದ್ದು. ಪ್ರೀತಿಯಿಂದ ಕೊಟ್ಟದ್ದಕ್ಕೆ ಕೃತಜ್ಞರಾಗಿರಬೇಕಾಗುತ್ತದೆ. ಬರೆದುಕೊಟ್ಟದ್ದನ್ನು ತಲೆಯೆತ್ತಿ ತೆಗೆದುಕೊಳ್ಳಬಹುದು. ನಾವು ಕರುಳಿನ ಮಾತಾಡಿ ಮುದುಕರನ್ನು ಜೀವನವಿಡೀ ಕೃತಜ್ಞರಾಗಿರುವ ಕೆಲಸಕ್ಕೆ ಹಚ್ಚುತ್ತೇವೆ. ಲೆಕ್ಕ ಬರೆಯುವುದು ಸಂಬಂಧಕ್ಕೆ ಬೆಲೆ ಕಟ್ಟುವುದು ಎಂದು ನಮ್ಮವರು ತಿಳಿದಿದ್ದಾರೆ. ಇಪ್ಪತ್ತು ವರ್ಷ ಲೆಕ್ಕ ಬರೆದವನಾಗಿ ಹೇಳುತ್ತೇನೆ, ಸರಿಯಾಗಿ ಬರೆದ ಲೆಕ್ಕದಷ್ಟು ನೆಮ್ಮದಿ ಕೊಡುವುದು ಸಂಬಂಧಗಳಲ್ಲಿ ಕಡಿಮೆ. ಯಾರಿಗೆ ಏನು ಸಲ್ಲಬೇಕು ಎಂದು ಗೊತ್ತಿದ್ದರೆ, ಅದರ ಮೇಲಿನದೆಲ್ಲ ಪ್ರೀತಿ ಎಂದು ಗುರುತಿಸಲು ಸುಲಭ.

ನನ್ನ ಪಾಲಿಗೆ ಏನು ಬರೆಯಬೇಕು ಎಂಬುದು ಕಷ್ಟವಾಯಿತು. ಕ್ರ್ಯಾನ್‌ಫೀಲ್ಡಿನ ಜಾನ್ ತಂದೆಯ ಮನೆಯಲ್ಲೇ ಇದ್ದ, ನಾನು ಇಲ್ಲ. ಆದರೆ ಊರು ಬಿಟ್ಟವರಿಗೂ ಆ ಸುರುಳಿಗಳಲ್ಲಿ ಒಂದು ಕಲಮಿದೆ. ಜಮೀನಿಗೆ ಕಟ್ಟುಬಿದ್ದ ಒಕ್ಕಲಿನವನು ಬೇರೆ ಊರಿನಲ್ಲಿ ದುಡಿಯಬೇಕಾದರೆ ವರ್ಷಕ್ಕೊಮ್ಮೆ ಕೆಲವು ಪೆನ್ಸನ್ನೋ ಒಂದೆರಡು ಕೋಳಿಯನ್ನೋ ಒಡೆಯನಿಗೆ ಒಪ್ಪಿಸಬೇಕು. ಅದರ ಹೆಸರು ಷೆವೇಜ್. ಕಟ್ಟಿದರೆ ಅವನು ಎಲ್ಲಿದ್ದರೂ ಆ ಊರಿನವನೇ. ಕಟ್ಟದಿದ್ದರೆ ಅವನ ಹೆಸರು ಓಡಿಹೋದವರ ಸಾಲಿಗೆ. ನನ್ನ ಹೆಸರಿನ ಮುಂದೆ ಅಮ್ಮನ ಔಷಧಿ, ಆಸ್ಪತ್ರೆ ಖರ್ಚು ಪೂರ್ತಿ, ತಿಂಗಳಿಗೆ ಇಷ್ಟು ಹಣ ಅವಳದೇ ಖಾತೆಗೆ ಎಂದು ಬರೆಸಿದೆ. ವರ್ಷಕ್ಕೆ ಒಂದು ತಿಂಗಳು ಬಂದು ಇರತಕ್ಕದ್ದು ಎಂಬ ಸಾಲನ್ನು ಹೇಳಿ ಬರೆಸಿದವಳು ಅತ್ತಿಗೆ. ಇಂಥದ್ದಕ್ಕೆಲ್ಲ ಪತ್ರದಲ್ಲಿ ಜಾಗವಿಲ್ಲ ಎಂದು ಪತ್ರಬರಹಗಾರ ಗೊಣಗಿದ. ಆದರೂ ಬರೆದ.

ಈಗ ಭಾನುವಾರ ಫೋನ್ ಮಾಡಿದಾಗ ಅಮ್ಮ ಮೊದಲು ಹೇಳುವುದು ಕಾಯಿಯ ಲೆಕ್ಕ. ಈ ತಿಂಗಳು ಎಷ್ಟು ಬಂತು ಎಂದು ನಾನೂ ಕೇಳುತ್ತೇನೆ. “ನಿಮ್ಮಣ್ಣ ಎಣಿಸೋದೇ ಇಲ್ಲ ಕಣೋ, ಐವತ್ತೋ ಅರವತ್ತೋ ತಂದು ಸುರಿದು ಹೋಗ್ತಾನೆ. ನಾನೇ ನಲವತ್ತು ಎಣಿಸಿ ನಂದು ಅಂತ ಕೋಣೇಲಿಟ್ಟು, ಮಿಕ್ಕಿದ್ದನ್ನ ಅಡಿಗೆಮನೆಗೆ ಕಳಿಸ್ತೀನಿ,” ಎನ್ನುತ್ತಾಳೆ.